ಗಂಗವ್ವನ ಕೊನೆಯ ಮಾತು

ಹಳೇ ಹುಬ್ಬಳ್ಳಿಯ ಕಲಾಯಿ ಹಾಕುವ ಮನೆತನದಲ್ಲಿ ಹುಟ್ಟಿದ ರಸೂಲಸಾಬ ಏಳನೆಯ ಇಯತ್ತೆಯ ಮುಲ್ಕಿ ಪರೀಕ್ಷೆ ಪಾಸಾದವನು. ತಂದೆಯ ಕಸುಬು ಬಿಟ್ಟು ಶಾಂತಯ್ಯನ ನಾಟಕ ಕಂಪನಿ ಸೇರಿದ. ಅಲ್ಲಿ ವರ್ಷಗಟ್ಟಲೆ ನಾಟಕ ಬರೆದುಕೊಟ್ಟರೂ ಹ್ಯಾಂಡಬಿಲ್ಲಿನಲ್ಲಿ ‘ಕಂಪನಿಯ ಕವಿಗಳಿಂದ’ ಎಂದಷ್ಟೇ ಅಚ್ಚಾಗುತ್ತಿತ್ತು.

“ಶರಣರ ನಾಟಕಕ್ಕ ನಿನ್ನ ಹೆಸರ ಹಾಕಿದರ ಮಂದಿ ಬರ್ತಾರೇನೋ?” ಎಂದು ಶಾಂತಯ್ಯ ಎಲ್ಲರೆದುರಿಗೇ ಕೇಳುತ್ತಿದ್ದ. ರಸೂಲಸಾಬ ಹಲ್ಲು ಕಚ್ಚಿಕೊಂಡು ಬರೆಯುತ್ತಿದ್ದ.

ಹತ್ತೊಂಬತ್ತುನೂರ ಮೂವತ್ತೇಳರ ಬೇಸಿಗೆಯಲ್ಲಿ ಅವನು ಮೊದಲ ಸಲ ದೇವರು ದಿಂಡರಿಲ್ಲದ ನಾಟಕ ಬರೆದ. ಕುಡಿದು ಬಡಿಯುವ ಗಂಡ, ಅವನು ಓಡಿಹೋದ ಮೇಲೆ ದುಡಿದು ಮನೆ ಕಟ್ಟಿದ ಗಂಗವ್ವ. ಕೊನೆಗೆ ಗಂಡ ತಿರುಗಿ ಬಂದು ಬಾಗಿಲು ತಟ್ಟಿದಾಗ ಅವಳು ಹೇಳುತ್ತಾಳೆ: “ಈ ಮನಿ ನಂದು. ನೀ ಹೊರಗ ನಿಲ್ಲು.”

ಗಂಗವ್ವನ ಪಾರ್ಟು ಹೆಬ್ಬಳ್ಳಿಯ ರತ್ನವ್ವನದು. ಗಂಡ ಸುಟ್ಟ ಗುರುತು ಅವಳ ಮೊಣಕೈ ಮೇಲೆ ಇನ್ನೂ ಇತ್ತು. ತಾಲೀಮಿನ ಮೊದಲ ದಿನ ಆ ಮಾತು ಅವಳ ಬಾಯಿಂದ ಹೊರಡಲೇ ಇಲ್ಲ. ಮರುದಿನ ಹೇಳಿದಾಗ ತಬಲಾದವನೂ ಕೈ ನಿಲ್ಲಿಸಿ ಕೇಳಿದ.

ಶಾಂತಯ್ಯನಿಗೆ ಸಿಟ್ಟು ಬಂತು. “ಗರತಿ ಹೆಣ್ಣಮಗಳು ಗಂಡನ್ನ ಹೊರಗ ಹಾಕ್ತಾಳ? ಕಾಲಿಗೆ ಬೀಳಲಿ!”

“ಬೀಳೂದಿಲ್ರಿ. ಬಿದ್ರ ನಾಟಕನ ಸತ್ತಂಗ,” ಎಂದ ರಸೂಲಸಾಬ.

ಶಾಂತಯ್ಯ ತಾನೇ ಹೊಸ ಮಾತು ಕೂಡಿಸಿ ರತ್ನವ್ವನಿಗೆ ಬಾಯಿಪಾಠ ಮಾಡಿಸಿದ. ಅವಳು ತಲೆಯಾಡಿಸಿದಳು. ಪ್ರಯೋಗದ ದಿನ ಮಾತ್ರ ರಂಗದ ನಡುವೆ ನಿಂತು ಗಂಗವ್ವನ ಮಾತನ್ನೇ ಹೇಳಿದಳು. ಹೆಂಗಸರ ಕಡೆಯಿಂದ ಚಪ್ಪಾಳೆ ಏಳುತ್ತಿದ್ದಂತೆ ಶಾಂತಯ್ಯ ಪರದೆ ಇಳಿಸಿದ, ಒಳಗೆ ನುಗ್ಗಿ ಅವಳ ಕೆನ್ನೆಗೆ ಹೊಡೆದ. ಎರಡನೆಯ ಏಟಿಗೆ ಎತ್ತಿದ ಕೈಯನ್ನು ರಸೂಲಸಾಬ ಹಿಡಿದು ತಿರುಚಿದ. ಅಂದೇ ಇಬ್ಬರೂ ಕಂಪನಿಯಿಂದ ಹೊರಬಿದ್ದರು. ರತ್ನವ್ವನ ಮುಖದ ಬಣ್ಣ ತೊಳೆಯುವುದಕ್ಕೂ ನೀರು ಕೊಡಲಿಲ್ಲ.

ಹತ್ತಿ ವ್ಯಾಪಾರಿ ಸಿದ್ದಪ್ಪನ ಆಸರೆ ಸಿಕ್ಕು ರಸೂಲಸಾಬ ಧಾರವಾಡದಲ್ಲಿ ಸ್ವಂತ ಕಂಪನಿ ಕಟ್ಟಿದ. ರತ್ನವ್ವನೂ ಅದನ್ನು ಸೇರಿದಳು. ಹ್ಯಾಂಡಬಿಲ್ಲಿನಲ್ಲಿ ಅವನ ಹೆಸರು ದಪ್ಪಕ್ಷರದಲ್ಲಿ ಬಂತು. ಅದನ್ನೇ ಹಿಡಿದುಕೊಂಡು ಶಾಂತಯ್ಯ ಓಣಿ ಓಣಿ ತಿರುಗಿದ: “ನೋಡ್ರಿ, ಸಾಬ ನಮ್ಮ ಹೆಣ್ಣಮಕ್ಕಳನ್ನ ಕೆಡಸಾಕತ್ತಾನ.” ಅದೇ ನಾಟಕದ ಮೊದಲ ಆಟದ ದಿನ ಗಂಗವ್ವ ಬಾಗಿಲ ಬಳಿ ನಿಲ್ಲುತ್ತಲೇ ಥಿಯೇಟರಿನ ತಗಡಿನ ಮಾಡಿನ ಮೇಲೆ ಕಲ್ಲು ಬಿದ್ದವು. ಕುರ್ಚಿಗಳು ಮುರಿದವು. ಹಾರ್ಮೋನಿಯಂ ಪೆಟಿಗೆ ಬಾರಿಸುವವನ ಹಣೆ ಒಡೆಯಿತು. ರತ್ನವ್ವ ಮಾತು ಮುಗಿಸಿಯೇ ಒಳಗೆ ಬಂದಳು.

ಬೆಳಿಗ್ಗೆ ಸಿದ್ದಪ್ಪ ಬಂದ. “ಕಡೀ ಮಾತು ಬದಲ ಮಾಡ್ರಿ. ಇಲ್ಲಂದ್ರ ನಾ ಕೈ ಬಿಡ್ತೇನಿ.”

ಹಣೆಗೆ ಅರಿವೆ ಕಟ್ಟಿಕೊಂಡವನು, ಪರದೆ ಬರೆಯುವವನು, ಅಡಿಗೆಯವರು ಎಲ್ಲರೂ ರಸೂಲಸಾಬನ ಮುಖ ನೋಡಿದರು. ಊಟದ ಹೊತ್ತಿಗೆ ಅವನು ಹೊಸ ಮಾತು ಬರೆದು ಮುಗಿಸಿದ್ದ. ಪ್ರಾಂಪ್ಟರ್ ಅದನ್ನು ರತ್ನವ್ವನಿಗೆ ಓದಿ ಹೇಳಿದ.

“ಇದನ್ನ ಯಾರ ಬರದ್ರು?” ಎಂದಳು.

“ನಾನ. ಈ ಊರಾಗ ಅಷ್ಟ. ಮುಂದಿನ ಊರಾಗ ಮೊದಲಿನಂಗ ಆಡೂಣು,” ಎಂದ ರಸೂಲಸಾಬ.

“ಮತ್ತ ಶಾಂತಯ್ಯನ ಕೈ ಯಾಕ ತಿರುವಿದ್ರಿ?”

“ಇಷ್ಟ ಮಂದೀಗೆ ಅನ್ನ ಹಾಕಬೇಕು, ರತ್ನವ್ವಾ.”

“ಹಾಕ್ರಿ. ನಾ ಮಾತ್ರ ಯಾರ ಕಾಲಿಗೂ ಬೀಳೂದಿಲ್ಲ.”

“ಬೀಳದಿದ್ರ ಪಾರ್ಟ್ ಬಿಡು! ಇಲ್ಲಿ ಮಾಲಕ ನಾನು!”

ರತ್ನವ್ವ ಟ್ರಂಕು ಎತ್ತಿಕೊಂಡು ಹೊರಟಳು. ರಸೂಲಸಾಬ ಅವಳನ್ನು ಕರೆಯಲಿಲ್ಲ.

ಅಂದಿನ ಆಟದಲ್ಲಿ ಗಂಡಸೊಬ್ಬ ಸೀರೆ ಉಟ್ಟು ಗಂಡನ ಕಾಲಿಗೆ ಬಿದ್ದ. ಜನ ಕಣ್ಣೀರು ಹಾಕಿದರು. ಗದಗಿನಲ್ಲೂ ಬಾಗಲಕೋಟೆಯಲ್ಲೂ ಅದೇ ಆಟಕ್ಕೆ ಜನ ಮುಗಿಬಿದ್ದುದರಿಂದ ಹಳೆಯ ಮಾತಿನ ಸುದ್ದಿಯನ್ನೇ ಯಾರೂ ಎತ್ತಲಿಲ್ಲ. ಕಂಪನಿ ಬೆಳೆಯಿತು. ರಸೂಲಸಾಬ ಇನ್ನೂ ಹಲವು ನಾಟಕ ಬರೆದ. ಬರೆಯುವಾಗಲೇ ಸಿದ್ದಪ್ಪ ಏನೆಂದಾನು, ಮಂದಿ ಏನೆಂದಾರು ಎಂದು ನೋಡಿ, ಬಿರುಸಾದ ಮಾತನ್ನು ತಾನೇ ಹೊಡೆದುಹಾಕುತ್ತಿದ್ದ.

ಯುದ್ಧದ ಕಾಲದಲ್ಲಿ ಒಮ್ಮೆ ಹುಬ್ಬಳ್ಳಿ ಸ್ಟೇಶನ್ನಿನಲ್ಲಿ ರತ್ನವ್ವ ಕಂಡಳು. ಬೇರೊಂದು ಕಂಪನಿಯವರ ಜೊತೆ ಸೊಲ್ಲಾಪುರದ ಗಾಡಿ ಕಾಯುತ್ತಿದ್ದಳು. ರಸೂಲಸಾಬ ಹತ್ತಿರ ಹೋದ.

“ನಿನಗಂತನ ಒಂದು ನಾಟಕ ಬರೀತೇನಿ, ರತ್ನವ್ವಾ. ಒಂದಕ್ಷರ ಬದಲ ಮಾಡೂದಿಲ್ಲ. ಖರೇ ಹೇಳ್ತೇನಿ.”

ಅವಳು ಅವನನ್ನು ನೆಟ್ಟಗೆ ನೋಡಿದಳು. “ನಿಮ್ಮ ಬರವಣಿಗಿ ಛಲೋ ಐತ್ರಿ. ನೀವು ಛಲೋ ಇಲ್ಲ.”

ಗಾಡಿ ಬಂತು. ಹತ್ತುವಾಗ ಅವಳು ಹಿಂತಿರುಗಿ ನೋಡಲಿಲ್ಲ.

ರಸೂಲಸಾಬ ಟಾಂಗಾ ಹಿಡಿದು ತನ್ನ ಕಂಪನಿಯ ಕ್ಯಾಂಪಿಗೆ ಬಂದ. ತಾಲೀಮು ನಡೆದಿತ್ತು. ಹೊಸದಾಗಿ ಸೇರಿದ ತಾಜಬಿ ಒಂದು ಮಾತು ತಡವರಿಸಿದಳು. ಅಷ್ಟಕ್ಕೇ ಅವನು ಕೈಯಲ್ಲಿದ್ದ ಕೊಡೆಯನ್ನು ನೆಲಕ್ಕೆ ಬಡಿದು, ಅವಳು ಅಳುವವರೆಗೂ ಬೈದ. ಸುತ್ತ ನಿಂತವರು ಒಬ್ಬರೂ ತಡೆಯಲಿಲ್ಲ.