ಅರ್ಪಣೆಯ ಪುಟ

ಬಸವನ ಬಾಗೇವಾಡಿಯಲ್ಲಿ ಕೂತು ಅಮೆರಿಕದ ಉಸಾಬರಿ ಯಾಕೆ ಎಂದು ಊರವರು ವಿದ್ಯಾವತಿಯನ್ನು ಕೇಳಿ ಕೇಳಿ ಸುಸ್ತಾಗಿದ್ದರು. ಕಾಲೇಜಿನಲ್ಲಿ ಇತಿಹಾಸ ಕಲಿಸಿ ರಿಟೈರಾದ ಆಕೆ ಇಪ್ಪತ್ತು ವರ್ಷ ಒಂದೇ ಪುಸ್ತಕಕ್ಕೆ ಜೋತುಬಿದ್ದಿದ್ದಳು. ಅಲ್ಲಿಯ ಕಪ್ಪು ಜನರ ಹಾಡು, ಕುಣಿತ, ಸಿನಿಮಾ, ಚಳವಳಿ ಎಲ್ಲ ಅದರಲ್ಲಿತ್ತು. ಆರನೆಯ ಅಧ್ಯಾಯವೆಂದರೆ ಆಕೆಗೆ ಪ್ರಾಣ. ನಿಮಗೆ ಕಾಫಿ ಇಲ್ಲವೆಂದ ಬಿಳಿಯರ ಹೋಟೆಲಿನಲ್ಲಿ ಕಪ್ಪು ಹುಡುಗರು ಕದಲದೆ ಕೂತ ಕಥೆ ಅದು. ಬರೆಯುವಾಗ ಎರಡು ಸಲ ಅತ್ತಿದ್ದಳು.

ಅದನ್ನೆಲ್ಲ ಟೈಪ್ ಮಾಡಿದವಳು ಸುನೀತಾ. ವಿದ್ಯಾವತಿಯ ಮನೆಯವರ ಹೊಲದಲ್ಲಿ ಮೂವತ್ತು ವರ್ಷ ದುಡಿದ ಸಾತವ್ವನ ಮಗಳು, ಈಗ ಬಸ್‌ಸ್ಟ್ಯಾಂಡಿನ ಹತ್ತಿರ ಡಿಟಿಪಿ ಅಂಗಡಿ ಇಟ್ಟವಳು. ಊರು ನಕ್ಕರೆ ನಗಲಿ, ಈ ಹುಡುಗಿ ಮೆಚ್ಚಿದರೆ ತನ್ನ ಬದುಕು ದಂಡವಾಗಲಿಲ್ಲ ಎಂದು ವಿದ್ಯಾವತಿ ನಂಬಿದ್ದಳು. ಅದಕ್ಕೇ ಸುನೀತಾ ಲ್ಯಾಪ್‌ಟಾಪ್ ಹಿಡಿದು ಮನೆಗೆ ಬಂದ ದಿನ ಮೊದಲ ಪುಟದ ಸಾಲನ್ನು ತಾನೇ ಹೇಳಿ ಬರೆಸಿದಳು. ಪುಸ್ತಕ ಸುನೀತಾಳಿಗೇ ಅರ್ಪಣೆಯಾಗಿತ್ತು. ಹುಡುಗಿಯ ಕಣ್ಣು ತುಂಬಿತು. ವಿದ್ಯಾವತಿ ಹಿಗ್ಗಿ ಹೀರೇಕಾಯಿಯಾಗಿ ಚಹಾ ಮಾಡಲು ಒಳಗೆ ಹೋದಳು.

ತನ್ನ ಚಹಾವನ್ನು ಕಪಾಟಿನ ಪಿಂಗಾಣಿ ಕಪ್ಪಿಗೆ ಸೋಸಿದಳು. ಇನ್ನೊಂದಕ್ಕೆ ಕೈ ಹಿತ್ತಿಲ ಬಾಗಿಲ ಹೊರಗಿನ ಗೂಡಿಗೆ ಹೋಯಿತು. ಅಲ್ಲಿ ಸಾತವ್ವನ ಗ್ಲಾಸು ಇರುತ್ತಿತ್ತು. ಅದರಲ್ಲಿ ಮನೆಯವರು ಯಾರೂ ಕುಡಿಯುತ್ತಿರಲಿಲ್ಲ, ಅತ್ತೆಯ ಕಾಲದಿಂದಲೂ ಹಾಗೇ. ಯೋಚಿಸಿ ಮಾಡಿದ್ದಲ್ಲ, ಕೈಯ ರೂಢಿ. ತಂದು ಮುಂದಿಟ್ಟ ಮೇಲೆಯೇ ಆಕೆಗೆ ಆ ಗ್ಲಾಸು ಕಂಡದ್ದು.

ಸುನೀತಾ ಅದನ್ನು ಮುಟ್ಟಲಿಲ್ಲ. ಅವ್ವ ಅದನ್ನು ತೊಳೆದಿಡುವುದನ್ನು ನೋಡುತ್ತಲೇ ಬೆಳೆದವಳಿಗೆ ಗುರುತು ಸಿಗಲು ಎಷ್ಟು ಹೊತ್ತು? ವಿದ್ಯಾವತಿ ತಡವರಿಸುತ್ತ, ಗೊತ್ತಾಗದೆ ತಂದೆ, ಬೇರೆ ಕಪ್ಪು ತರುತ್ತೇನೆ ಎಂದಳು.

"ಬ್ಯಾಡ್ರಿ ಮೇಡಂ. ಪುಸ್ತಕ ಚಲೋ ಐತ್ರಿ. ನನ್ನ ಹೆಸರಷ್ಟ ತಗೀತೇನಿ."

ವಿದ್ಯಾವತಿ ಇಪ್ಪತ್ತು ವರ್ಷ ಬರೆದದ್ದರಲ್ಲಿ ಈ ಹುಡುಗಿಗೆ ಈಗ ಹೇಳಬಹುದಾದ ಒಂದು ಸಾಲೂ ಇರಲಿಲ್ಲ. ಎಲ್ಲವನ್ನೂ ಬಲ್ಲೆ ಎಂದುಕೊಂಡಿದ್ದವಳಿಗೆ ತನ್ನ ಮೇಲೆಯೇ ಹೇಸಿಗೆ ಹುಟ್ಟಿತು.

ಸುನೀತಾ ಹೆಸರು ಅಳಿಸಿದಳು. ಆಮೇಲೆ ಅಂಗಡಿಗೆ ಬಂದ ಗಿರಾಕಿಯನ್ನು ಕೇಳುವ ದನಿಯಲ್ಲೇ ಕೇಳಿದಳು:

"ಈ ಹಾಳಿ ಖಾಲಿ ಬಿಡ್ಲೇನ್ರಿ, ಬ್ಯಾರೆ ಯಾರದರ ಹೆಸರ ಹಾಕ್ಲೇನ್ರಿ?"