ಕತ್ತರಿ ಅಕ್ಕ ಮತ್ತು ಯಾರದ್ದೂ ಅಲ್ಲದ ಚಿತ್ರ

ಕತ್ತರಿ ಅಕ್ಕನ ಬಗ್ಗೆ ಬರೆಯಲೇಬೇಕು ಅನ್ನಿಸಿದ್ದಕ್ಕೆ ಕಾರಣ ಒಂದೇ. ಬೇರೆ ಯಾರ ಕಣ್ಣಿಗೂ ಬೀಳದ ತನ್ನ ತಪ್ಪನ್ನು ತಾನೇ ಹಿಡಿದು, ಆ ತಪ್ಪಿನಿಂದ ನೊಂದವರ ಎದುರಿಗೇ ಹೋಗಿ ಕೂತವರನ್ನು ನನ್ನ ಜೀವಮಾನದಲ್ಲಿ ನಾನು ಕಂಡದ್ದು ಇವರೊಬ್ಬರನ್ನೇ. ನನಗೆ ಓದು ಕಡಿಮೆ, ಐದನೇ ಕ್ಲಾಸು. ಬರೆದು ಅಭ್ಯಾಸವಿಲ್ಲ. ಆದರೆ ಇಪ್ಪತ್ತಾರು ವರ್ಷ ಅವರ ಕೋಣೆಯ ಪಕ್ಕದ ಕತ್ತಲೆ ಕೋಣೆಯಲ್ಲಿ ಫೋಟೋ ತೊಳೆದವನು ನಾನು. ನಾನು ಹೇಳದಿದ್ದರೆ ಹೇಳುವವರು ಇನ್ಯಾರೂ ಉಳಿದಿಲ್ಲ.

ಅವರು ಗೋಡೆಗೆ ಬೆನ್ನು ಹಾಕಿ ಕೂರುತ್ತಿದ್ದರು. ಈ ಕೆಲಸ ಮಾಡುವ ಬೇರೆಯವರೆಲ್ಲ ಗೋಡೆಯ ಮೇಲಿನ ಚಿತ್ರವನ್ನು ಎದುರಿಗಿಟ್ಟುಕೊಂಡು, ಅದನ್ನು ನೋಡಿ ನೋಡಿ ಜೋಡಿಸುತ್ತಾರೆ. ಇವರ ಕುರ್ಚಿ ಮಾತ್ರ ತಿರುಗಿಸಿ ಇಟ್ಟದ್ದು. ಬೆಳಕು ಚೆನ್ನಾಗಿ ಬೀಳಲಿ ಅಂತ ಇರಬೇಕು ಎಂದು ಹೊಸಬರು ಅಂದುಕೊಳ್ಳುತ್ತಿದ್ದರು. ಬೆಳಕಿಗಲ್ಲ. ಮೊದಮೊದಲು ಅವರೂ ಎಲ್ಲರ ಹಾಗೆ ಚಿತ್ರ ನೋಡಿಕೊಂಡೇ ಕೂರುತ್ತಿದ್ದರು.

ಕೆಲಸ ಏನು ಅಂತ ಹೇಳಿಬಿಡುತ್ತೇನೆ. ನಮ್ಮ ಲ್ಯಾಬಿಗೆ ಬಸಿರು ನಿಲ್ಲದ ಹೆಂಗಸರು, ಬೆಳವಣಿಗೆ ಕುಂಠಿತವಾದ ಮಕ್ಕಳು ಬರುತ್ತಿದ್ದರು. ದೊಡ್ಡ ಡಾಕ್ಟರು ಅವರ ರಕ್ತ ತೆಗೆದು, ಒಂದು ಬಿಳಿ ರಕ್ತಕಣದೊಳಗಿನ ವರ್ಣತಂತುಗಳನ್ನು ಮೈಕ್ರೋಸ್ಕೋಪಿನಲ್ಲಿ ಫೋಟೋ ಹಿಡಿಯುತ್ತಿದ್ದರು. ನಾನು ಅದನ್ನು ದೊಡ್ಡದು ಮಾಡಿ ಎರಡು ಪ್ರತಿ ಪ್ರಿಂಟು ಹಾಕುತ್ತಿದ್ದೆ. ಒಂದು ಪ್ರತಿ ಪೂರ್ತಿಯಾಗಿ ಲಕೋಟೆಗೆ, ಇನ್ನೊಂದು ಕತ್ತರಿ ಅಕ್ಕನ ಮೇಜಿಗೆ. ಪ್ರಿಂಟಿನಲ್ಲಿ ಆ ತಂತುಗಳು ಯಾರೋ ಚೆಲ್ಲಿದ ಪಟ್ಟೆ ಪಟ್ಟೆ ದಾರದ ತುಂಡುಗಳ ಹಾಗೆ ಬಿದ್ದಿರುತ್ತಿದ್ದವು. ಅಕ್ಕ ಒಂದೊಂದನ್ನೂ ಅದರ ಅಂಚಿನಗುಂಟ ಕತ್ತರಿಸಿ, ಚಿಮಟದಲ್ಲಿ ಎತ್ತಿ, ಉದ್ದದಿಂದ ಗಿಡ್ಡಕ್ಕೆ, ಜೋಡಿ ಜೋಡಿಯಾಗಿ, ಎಲ್ಲದರ ಸೊಂಟ, ಅಂದರೆ ನಡುವೆ ಸಣ್ಣಗಾಗುವ ಜಾಗ, ಒಂದೇ ಗೆರೆಗೆ ಬರುವಂತೆ ರಟ್ಟಿಗೆ ಅಂಟಿಸುತ್ತಿದ್ದರು. ಇಪ್ಪತ್ತೆರಡು ಜೋಡಿ, ಕೊನೆಗೆ ಗಂಡೋ ಹೆಣ್ಣೋ ಹೇಳುವ ಇನ್ನೊಂದು ಜೋಡಿ, ಒಟ್ಟು ನಲವತ್ತಾರು. ಹಾಗೆ ಜೋಡಿಸಿದ ರಟ್ಟಿಗೆ ಕಾರಿಯೋಗ್ರಾಮ್ ಅನ್ನುತ್ತಾರೆ. ಗೋಡೆಯ ಮೇಲಿದ್ದದ್ದು ಬೇರೆ. ಅದು ಯಾವುದೋ ಕಂಪನಿಯವರು ಅಚ್ಚು ಹಾಕಿಸಿದ ಚಿತ್ರ. ತಂತುಗಳು ಹೀಗಿರಬೇಕು, ಪಟ್ಟೆಗಳು ಇಲ್ಲಿಲ್ಲಿ ಬರಬೇಕು ಎಂದು ಅಳತೆ ಹಾಕಿ ಬರೆದದ್ದು. ಅದರ ಹೆಸರು ಇಡಿಯೋಗ್ರಾಮ್.

ಬಾಯಿಮಾತಿನಲ್ಲಿ ಎರಡಕ್ಕೂ ಒಂದೇ ಹೆಸರು ಹೇಳುವವರು ಬಹಳ. ಒಂದು ಸಲ ಹೊಸದಾಗಿ ಬಂದ ಚಿಕ್ಕ ಡಾಕ್ಟರು ಅಕ್ಕ ಅಂಟಿಸಿದ ರಟ್ಟಿನ ಮೇಲೆ ಇಡಿಯೋಗ್ರಾಮ್ ಅಂತ ಬರೆದರು. ಅಕ್ಕ ಕನ್ನಡಕ ಹಣೆಗೇರಿಸಿ ಕೇಳಿದರು:

"ಡಾಕ್ಟ್ರೇ, ಇದು ಯಾರ ಮೈಯಿಂದ ಬಂತು?"

"ಹನ್ನೆರಡನೇ ನಂಬರ್ ಪೇಷೆಂಟು."

"ಗೋಡೆ ಮೇಲಿರೋದು ಯಾರ ಮೈಯಿಂದ ಬಂತು?"

"ಅದು ಯಾರದ್ದೂ ಅಲ್ಲವಲ್ಲಮ್ಮ."

"ಮತ್ತೆ? ಯಾರದ್ದೂ ಅಲ್ಲದ್ದರ ಹೆಸರು ಒಬ್ಬರದ್ದಕ್ಕೆ ಯಾಕಿಡ್ತೀರಿ?"

"ಎಲ್ರೂ ಹಾಗೇ ಅಂತಾರಮ್ಮ."

"ಎಲ್ರೂ ಅನ್ಲಿ ಬಿಡಿ. ನೀವು ಅನ್ಬೇಡಿ."

ಚಿಕ್ಕ ಡಾಕ್ಟರು ಹೊಡೆದುಹಾಕಿ ಸರಿಯಾಗಿ ಬರೆದರು. ಏಳನೇ ಕ್ಲಾಸು ಓದಿದ ಹೆಂಗಸಿಂದ ಪಾಠ ಹೇಳಿಸಿಕೊಂಡೆ ಅಂತ ಆಮೇಲೆ ಅವರೇ ನಗುತ್ತಾ ಎಲ್ಲರಿಗೂ ಹೇಳಿಕೊಂಡು ತಿರುಗಿದರು.

ಅಕ್ಕ ಮೊದಲು ಒಂದು ಟೈಲರ್ ಅಂಗಡಿಯಲ್ಲಿ ಬಟ್ಟೆ ಕತ್ತರಿಸುತ್ತಿದ್ದವರು. ದೊಡ್ಡ ಡಾಕ್ಟರು ಕೋಟು ಚಿಕ್ಕದು ಮಾಡಿಸಲು ಹೋದಾಗ, ಅವರು ಕಾಲರಿನ ತಿರುವು ಕತ್ತರಿಸುವುದನ್ನು ನಿಂತು ನೋಡಿ, ಕೋಟನ್ನು ಅಲ್ಲೇ ಮರೆತು ಇವರನ್ನು ಕರೆದುಕೊಂಡು ಬಂದರು ಅಂತ ನಮ್ಮಲ್ಲಿ ತಮಾಷೆ. ಬಂದವರೇ ಲ್ಯಾಬಿನವರು ಕೊಟ್ಟ ಬಿಳಿ ಕೋಟಿನ ಜೇಬುಗಳನ್ನೆಲ್ಲ ಹೊಲಿದು ಮುಚ್ಚಿಬಿಟ್ಟರು. ತುಂಡು ಬಿದ್ದು ಕಾಣೆಯಾಗುವ ಜಾಗ ಮೈಮೇಲೆ ಇರಬಾರದು ಅಂತ. ಅವರ ನಡಿಗೆಯೇ ಬೇರೆ ಆಗಿಹೋಯಿತು. ಗಾಳಿ ಅಲುಗದ ಹಾಗೆ, ನೀರು ತುಂಬಿದ ತಟ್ಟೆ ಹಿಡಿದವರ ಹಾಗೆ ಸರಿದು ಬರುತ್ತಿದ್ದರು. ಬಾಗಿಲನ್ನು ಉಸಿರು ಬಿಗಿಹಿಡಿದು ತೆಗೆಯುತ್ತಿದ್ದರು. "ರಸ್ತೇಲೂ ಹೀಗೇ ನಡೀತಾಳೆ, ಬಸ್ಸು ಇವಳಿಗೋಸ್ಕರ ನಿಲ್ಲುತ್ತಾ?" ಅಂತ ಅವರ ತಾಯಿ ನನ್ನ ಹತ್ತಿರ ದೂರಿದ್ದುಂಟು.

ಬೇಸಿಗೆಯಲ್ಲೂ ಆ ಕೋಣೆಯಲ್ಲಿ ಫ್ಯಾನು ಹಾಕುವಂತಿರಲಿಲ್ಲ. ಒಮ್ಮೆ ಇಲಾಖೆಯಿಂದ ತಪಾಸಣೆಗೆ ಬಂದ ಸಾಹೇಬರು "ಏನ್ರೀ ಇದು, ಒಲೆ ಇದ್ದ ಹಾಗಿದೆ" ಅನ್ನುತ್ತಾ ಸ್ವಿಚ್ಚು ಒತ್ತಿಬಿಟ್ಟರು. ನಲವತ್ತಾರೂ ಎದ್ದು ಹಾರಿದವು.

"ಯಾರೂ ಹೆಜ್ಜೆ ಎತ್ತಬೇಡಿ!"

ಅಕ್ಕ ಅಷ್ಟು ಜೋರಾಗಿ ಕೂಗಿದ್ದನ್ನು ನಾನು ಆವತ್ತೇ ಕೇಳಿದ್ದು. ಸಾಹೇಬರು ಒಂದು ಕಾಲು ಅರ್ಧ ಎತ್ತಿದ್ದವರು ಹಾಗೇ ನಿಂತರು. ಅರ್ಧ ಗಂಟೆ ನಾವಿಬ್ಬರೂ ನೆಲದ ಮೇಲೆ ಮಂಡಿಯೂರಿ ಹುಡುಕಿದೆವು. ನಲವತ್ತೈದು ಸಿಕ್ಕವು. ಅಕ್ಕ ಎದ್ದು ಚಿಮಟ ಹಿಡಿದು ಸಾಹೇಬರ ಮುಖದ ಹತ್ತಿರ ಹೋದರು. "ಅಲುಗಬೇಡಿ ಸಾರ್. ಮೀಸೆ ನಿಮ್ಮದು, ಅದರ ಮೇಲಿರೋದು ಇನ್ನೊಬ್ಬರದು."

ಈಗ ಆ ತಪ್ಪಿನ ವಿಷಯಕ್ಕೆ ಬರುತ್ತೇನೆ.

ಒಬ್ಬ ಗಡಿಯಾರ ರಿಪೇರಿಯವನು, ಅವನ ಹೆಂಡತಿ. ಮೂರು ಬಸಿರು ನಿಂತಿರಲಿಲ್ಲ. ಜೊತೆಗೆ ಅತ್ತೆಯೂ ಬಂದಿದ್ದರು. ಇಬ್ಬರ ರಕ್ತವನ್ನೂ ತೆಗೆಯಬೇಕು ಅಂದಾಗ "ನನ್ನ ಮಗನದ್ದು ಯಾಕೆ? ಬಸಿರು ಹೊರೋಳು ಇವಳು" ಎಂದು ಆಕೆ ಬೆಂಚಿನ ಮೇಲೆ ಕೂತು ರಾಗ ತೆಗೆದರು. ಆ ಹುಡುಗಿ ತಲೆ ಎತ್ತಲಿಲ್ಲ.

ಒಬ್ಬೊಬ್ಬರದ್ದು ಎರಡೆರಡು ರಟ್ಟು ಮಾಡುವುದು ನಮ್ಮಲ್ಲಿ ಪದ್ಧತಿ. ಗಂಡನ ಪ್ರಿಂಟಿನಲ್ಲಿ ಐದನೇ ಜೋಡಿಯ ಒಂದು ತಂತು ತುದಿಯಲ್ಲಿ ಸ್ವಲ್ಪ ಉದ್ದ ಇತ್ತು. ಪಕ್ಕದ ತುಂಡಿನ ಕೊನೆ ತಾಗಿಕೊಂಡಿದೆ ಅಂದುಕೊಂಡು ಅಕ್ಕ ಆ ತುದಿ ಕತ್ತರಿಸಿದರು. ಹತ್ತನೇ ಜೋಡಿಯಲ್ಲಿ ಒಂದು ಗಿಡ್ಡ ಇತ್ತು. ಅದು ಮಡಚಿಕೊಂಡಿದೆ ಅಂದುಕೊಂಡರು. ಎರಡನೇ ರಟ್ಟಿನಲ್ಲೂ ಹಾಗೇ ಆಯಿತು. ಟೈಲರ್ ಅಂಗಡಿಯ ಕೈ. ಎರಡು ತೋಳು ಸಮ ಬರದಿದ್ದರೆ ಅದಕ್ಕೆ ನಿದ್ದೆ ಬಾರದು. ಕಣ್ಣು ಗೋಡೆಯ ಚಿತ್ರದ ಮೇಲೆ, ಕತ್ತರಿ ಗಂಡನ ಫೋಟೋದ ಮೇಲೆ. ಜೋಡಿ ಸಮವಾಗಿ ಬಂತು. ಡಾಕ್ಟರು ನೋಡಿದರು, ಸಹಿ ಹಾಕಿದರು. ಇಬ್ಬರದ್ದೂ ಸರಿಯಿದೆ ಅಂತ ಕಾಗದ ಹೋಯಿತು.

ಹದಿನೈದು ದಿನ ಕಳೆದಿರಬೇಕು. ಮಧ್ಯಾಹ್ನ ಊಟದ ಡಬ್ಬಿ ತೊಳೆಯುತ್ತಿದ್ದ ಅಕ್ಕ ನಲ್ಲಿ ಬಿಟ್ಟುಕೊಂಡೇ ನಿಂತುಬಿಟ್ಟರು. ನಾನೇ ಹೋಗಿ ನಲ್ಲಿ ನಿಲ್ಲಿಸಿದೆ.

"ತಮ್ಮಾ, ಎರಡು ರಟ್ಟೂ ಬೇರೆ ಬೇರೆ ರಕ್ತಕಣದ್ದು. ಎರಡರಲ್ಲೂ ಆ ಐದನೇದಕ್ಕೇ ಪಕ್ಕದ್ದು ಬಂದು ತಾಗುತ್ತಾ?"

ನನಗೆ ಅರ್ಥವಾಗಲಿಲ್ಲ. "ಯಾವ ಐದನೇದು ಅಕ್ಕಾ?"

"ಗಡಿಯಾರದವನ ಲಕೋಟೆ ತೆಗಿ. ಪೂರ್ತಿ ಪ್ರಿಂಟು ಬೇಕು."

ತೆಗೆದುಕೊಟ್ಟೆ. ಕಿಟಕಿಯ ಬಳಿ ಹಿಡಿದು ಬಹಳ ಹೊತ್ತು ನೋಡಿದರು. ಎರಡರಲ್ಲೂ ಆ ತಂತುವಿನ ಹತ್ತಿರ ಬೇರೆ ತುಂಡೇ ಇರಲಿಲ್ಲ. ಆ ತುದಿ ಅದರದ್ದೇ.

"ನಾನು ಗೋಡೆ ನೋಡ್ಕೊಂಡು ಅವನನ್ನ ಕತ್ತರಿಸಿದೆ ಕಣೋ" ಅಂದರು.

ಆವತ್ತೇ ಕುರ್ಚಿ ತಿರುಗಿತು. ಅದಕ್ಕೂ ಮೊದಲು ಅವರು ದೊಡ್ಡ ಡಾಕ್ಟರ ಕೋಣೆಗೆ ಹೋದರು. ಬಾಗಿಲಲ್ಲಿ ಪ್ರಿಂಟು ಹಿಡಿದುಕೊಂಡು ನಾನೂ ನಿಂತಿದ್ದೆ. ಡಾಕ್ಟರು ನೋಡಿ ಕುರ್ಚಿಗೆ ಒರಗಿದರು. "ಸಹಿ ಹಾಕಿದ್ದು ನಾನಮ್ಮ" ಅಂದರು. ಇಬ್ಬರನ್ನೂ ಕರೆಸಿ ಮತ್ತೆ ರಕ್ತ ತೆಗೆದು ಖಾತ್ರಿ ಮಾಡಿಕೊಂಡರು. ಹೊಸ ಕಾಗದ ಕೊಡುವ ದಿನ ಬಂದಾಗ ಅಕ್ಕನನ್ನು ಕರೆದು ಮೆತ್ತಗೆ ಹೇಳಿದರು: "ರಿಪೋರ್ಟು ತಿದ್ದಿ ಕೊಡ್ತೀವಲ್ಲ, ಸಾಕು. ನಿಮ್ಮ ಕೈ ಜಾರಿದ್ದು ಅವರಿಗೆ ಯಾಕೆ ಹೇಳಬೇಕು? ಊರೆಲ್ಲಾ ಆಗುತ್ತೆ, ನಿಮ್ಮ ಕೆಲಸಕ್ಕೇ ಕುತ್ತು ಬರುತ್ತೆ."

"ಹೇಳದಿದ್ರೆ ಹಳೇ ಕಾಗದ ಸುಳ್ಳು ಅಂತ ಆ ಅತ್ತೆ ಒಪ್ತಾರಾ ಸಾರ್? ಹೊಸದನ್ನು ಮಡಚಿಟ್ಟು ಹಳೇದನ್ನೇ ಹಿಡ್ಕೋತಾರೆ. ಹೇಳ್ತೀನಿ. ಕೆಲಸ ಹೋದ್ರೆ ಟೈಲರ್ ಅಂಗಡಿ ಇದ್ದೇ ಇದೆ."

ಗಂಡ ಹೆಂಡತಿ ಇಬ್ಬರೇ ಬಂದರು. ಡಾಕ್ಟರು ರಟ್ಟು ತೋರಿಸಿ ವಿವರಿಸಿದರು. "ಇವರ ಮೈಯಲ್ಲಿ ಏನೂ ಕಳೆದಿಲ್ಲ. ಹತ್ತನೇದರ ತುದಿ ಐದನೇದಕ್ಕೆ ಹೋಗಿ ಕೂತಿದೆ. ಒಂದು ಕೋಣೆ ಸಾಮಾನು ಇನ್ನೊಂದು ಕೋಣೆಯಲ್ಲಿದೆ, ಅಷ್ಟೆ. ಅದಕ್ಕೇ ಇವರು ಚೆನ್ನಾಗೇ ಇದ್ದಾರೆ. ಆದ್ರೆ ಮಗುವಿಗೆ ಪಾಲು ಹೋಗುವಾಗ ಕೆಲವು ಸಲ ಹೆಚ್ಚುಕಡಿಮೆ ಆಗುತ್ತೆ, ಆಗ ಬಸಿರು ನಿಲ್ಲಲ್ಲ. ಇದರಲ್ಲಿ ಯಾರ ತಪ್ಪೂ ಇಲ್ಲ."

ಗಂಡ ಅಂಗಿಯ ಜೇಬಿನಿಂದ ತನ್ನ ಗಡಿಯಾರ ನೋಡುವ ಗಾಜು ತೆಗೆದು ಕಣ್ಣಿಗೆ ಸಿಕ್ಕಿಸಿಕೊಂಡು ರಟ್ಟಿನ ಮೇಲೆ ಬಗ್ಗಿದ. ಬಹಳ ಹೊತ್ತು ನೋಡಿದ. "ಇದು ನಂದಾ?" ಅಂದ.

"ನಿಮ್ಮದೇ" ಅಂದರು ಅಕ್ಕ. "ಮೊದಲ ಸಲವೂ ಹೀಗೇ ಇತ್ತು. ಉದ್ದ ಇದ್ದ ತುದೀನ ನಾನು ಕತ್ತರಿಸಿ ಹಾಕಿದ್ದೆ. ಡಾಕ್ಟ್ರದ್ದೇನೂ ಇಲ್ಲ. ನಾನು."

ಆಗ ಆ ಹುಡುಗಿ ಮೊದಲ ಸಲ ತಲೆ ಎತ್ತಿದಳು. ಅವಳು ಅಳುತ್ತಾಳೆ, ಇಲ್ಲಾ ಕೈ ಮುಗಿಯುತ್ತಾಳೆ ಅಂತ ನಾನು ಎಣಿಸಿದ್ದೆ.

"ಈ ಮೂರು ವಾರ ನಾನು ಹೇಗಿದ್ದೆ ಗೊತ್ತಾ ನಿಮಗೆ?" ಅಂದಳು.

ಅಕ್ಕ ಕ್ಷಮಿಸು ಅನ್ನಲಿಲ್ಲ. ಸ್ಟೂಲು ಎಳೆದು ಅವಳ ಎದುರಿಗೆ ಕೂತರು. "ಗೊತ್ತಿಲ್ಲ. ಹೇಳಮ್ಮ" ಅಂದರು.

ಅವಳು ಹೇಳಿದಳು. ಅತ್ತೆ ಆ ಕಾಗದ ಹಿಡಿದು ಓಣಿಯ ಮನೆಮನೆಗೂ ತೋರಿಸಿದ್ದು. "ಇಬ್ಬರದ್ದೂ ಸರಿಯಿದೆ ಅಂತ ಬರೆದಿದ್ದಾರೆ, ಅಂದ್ರೆ ಇವಳೇ ಜೋಪಾನ ಮಾಡ್ಲಿಲ್ಲ" ಅಂದದ್ದು. ಟ್ರಂಕು ಕೊಟ್ಟು ತವರಿಗೆ ಕಳಿಸಿದ್ದು. ಅಲ್ಲಿ ಸ್ವಂತ ತಮ್ಮನೂ ಮುಖ ಕೊಟ್ಟು ಮಾತಾಡದೆ ಹೋದದ್ದು. "ಕೊನೆಗೆ ನನಗೂ ಹೌದೇನೋ ಅನ್ನಿಸ್ತು. ಯಾವತ್ತು ಯಾವ ಬಕೆಟ್ ಎತ್ತಿದೆ, ಯಾವ ಮೆಟ್ಟಿಲು ಬೇಗ ಹತ್ತಿದೆ ಅಂತ ಕೂತು ನೆನೆಸಿಕೊಳ್ತಿದ್ದೆ. ಮೂರಕ್ಕೂ ಒಂದೊಂದು ಕಾರಣ ಹುಡುಕಿ ಇಟ್ಕೊಂಡಿದ್ದೆ."

ಒಂದು ಗಂಟೆ ಆಯಿತು. ಹೊರಗೆ ಬೇರೆ ಪೇಷೆಂಟುಗಳು ಕಾಯುತ್ತಿದ್ದರು. ಡಾಕ್ಟರು ಗಡಿಯಾರ ನೋಡಲಿಲ್ಲ. ಅಕ್ಕ ನಡುವೆ ಒಂದು ಮಾತೂ ಸೇರಿಸಲಿಲ್ಲ, ತಲೆ ತಗ್ಗಿಸಲೂ ಇಲ್ಲ. ಅವಳ ಮಾತು ಮುಗಿದ ಮೇಲೆ ಗಂಡ ಎದ್ದ. ಹಳೆಯ ಕಾಗದವನ್ನು ಜೇಬಿನಿಂದ ತೆಗೆದು ಮೇಜಿನ ಮೇಲಿಟ್ಟ.

"ಅಮ್ಮನಿಗೆ ನಾನೇ ಹೇಳ್ತೀನಿ" ಅಂದ. "ಓಣಿಗೂ ನಾನೇ ಹೇಳ್ತೀನಿ. ನಡಿ, ಟ್ರಂಕು ತರೋಣ."

ಹೋಗುವಾಗ ಆ ಹುಡುಗಿ ಅಕ್ಕನ ಕಡೆ ತಿರುಗಿ ನೋಡಿದಳು. ನಗಲಿಲ್ಲ. ಬರ್ತೀನಿ ಅಂತ ಮಾತ್ರ ಅಂದಳು. ಮುಂದೆ ಅವರಿಗೆ ಮಗು ಆಯಿತೋ ಇಲ್ಲವೋ ನಮಗೆ ತಿಳಿಯಲಿಲ್ಲ. ಲ್ಯಾಬಿನವರಿಗೆ ಜನರ ಅರ್ಧ ಕಥೆ ಮಾತ್ರ ಗೊತ್ತಿರುತ್ತದೆ.

ಅಕ್ಕನ ಕೆಲಸ ಹೋಗಲಿಲ್ಲ. ಪೂರ್ತಿ ಪ್ರಿಂಟನ್ನು ಜೊತೆಗಿಟ್ಟು ಇನ್ನೊಬ್ಬರು ನೋಡದೆ ಯಾವ ರಟ್ಟೂ ಹೊರಗೆ ಹೋಗಬಾರದು ಅಂತ ಅವರೇ ಹಟ ಹಿಡಿದು ನಿಯಮ ಮಾಡಿಸಿದರು. ಆಮೇಲೆ ಕಂಪ್ಯೂಟರು ಬಂತು. ಕತ್ತರಿಯೂ ಇಲ್ಲ, ಗೋಂದೂ ಇಲ್ಲ, ನನ್ನ ಕತ್ತಲೆ ಕೋಣೆಯಲ್ಲಿ ಈಗ ಮುರಿದ ಕುರ್ಚಿಗಳಿವೆ. ಪರದೆಯ ಮೇಲೆ ತಂತುಗಳು ತಾವೇ ಸಾಲಾಗಿ ಹೋಗಿ ನಿಲ್ಲುವುದನ್ನು ನೋಡುವಾಗ, ಆ ಸೆಕೆಯ ಕೋಣೆಯ ಗೋಂದಿನ ವಾಸನೆ ಒಮ್ಮೊಮ್ಮೆ ಮೂಗಿಗೆ ಬರುತ್ತದೆ.

ನಾನು ಕಂಡ ಹಾಗೆ ಕೈ ತಪ್ಪದ ಕೆಲಸಗಾರ ಯಾರೂ ಇಲ್ಲ. ಕೆಲವರು ತಪ್ಪನ್ನು ಮುಚ್ಚುತ್ತಾರೆ, ಕೆಲವರು ತಿದ್ದಿ ಸುಮ್ಮನಾಗುತ್ತಾರೆ. ಅದು ಯಾರ ಮನೆಗೆ ಹೋಗಿ ಏನು ಮಾಡಿತು ಅಂತ ಎದುರು ಕೂತು ಕೇಳುವವರು ಮಾತ್ರ ಬಹಳ ಅಪರೂಪ. ಅಂಥವರಿಗೆ ದೊಡ್ಡ ಹೆಸರು ಬರುವುದಿಲ್ಲ. ಅವರ ಕೈಕೆಳಗೆ ಕೆಲಸ ಕಲಿತವರು ಮಾತ್ರ ಎಲ್ಲಿ ಹೋದರೂ ಸ್ವಲ್ಪ ಬೇರೆಯಾಗೇ ಕಾಣುತ್ತಾರೆ.

ಅಕ್ಕ ನಿವೃತ್ತರಾಗಿ ಒಂಬತ್ತು ವರ್ಷ. ಆದರೂ ಗುರುವಾರ ಮಧ್ಯಾಹ್ನ ಲ್ಯಾಬಿನ ಹಳೆಯ ಕಟ್ಟಡಕ್ಕೆ ಬರುತ್ತಾರೆ. ಎರಡನೇ ಮಹಡಿ, ಮೆಟ್ಟಿಲ ಪಕ್ಕದ ಕೋಣೆ. ಹೊಸ ಹುಡುಗಿಯರಿಗೆ ಹಳೆಯ ರಟ್ಟುಗಳನ್ನು ತೋರಿಸುತ್ತಿರುತ್ತಾರೆ. ದಯವಿಟ್ಟು ಒಂದು ಸಲ ಹೋಗಿ ನೋಡಿ. ಏನು ಕೇಳಲಿ ಅಂತ ಸಂಕೋಚ ಬೇಡ, ನಿಮ್ಮದೇ ಏನಾದರೂ ಹೇಳಿಕೊಳ್ಳಿ. ಪೂರ್ತಿ ಕೇಳುತ್ತಾರೆ. ಒಂದು ಗಂಟೆ ಬಿಡುವು ಮಾಡಿಕೊಂಡು ಹೋಗಿ.