ಹೆದರುಪುಕ್ಕಲ ದೊರೆಯ ಕತ್ತಿ

ನಾನು ಒಂದು ಸಿನಿಮಾ ಕತ್ತಿ. ಹಳೇ ಲಾರಿಯ ಸ್ಪ್ರಿಂಗ್ ಪಟ್ಟಿಯನ್ನು ಕಾಯಿಸಿ, ಬಡಿದು, ಮೈಸೂರಿನ ಕೆಂಚಾಚಾರಿ ನನ್ನನ್ನು ಮಾಡಿದ. ಮರದ ಕತ್ತಿ ಕ್ಯಾಮೆರಾ ಮುಂದೆ ಹೊಳೆಯುವುದಿಲ್ಲ, ಕಬ್ಬಿಣದ್ದೇ ಬೇಕು, ಸಾಣೆ ಮಾತ್ರ ಹಿಡಿಯಬೇಡ ಎಂದು ನಿರ್ದೇಶಕ ನರಹರಿರಾಯರು ಹೇಳಿ ಕಳಿಸಿದ್ದರು. ಹಾಗಾಗಿ ನನ್ನ ಅಂಚು ಮೊಂಡಾಗಿಯೇ ಉಳಿಯಿತು. ತೂಕಕ್ಕೇನೂ ಕಡಿಮೆಯಿರಲಿಲ್ಲ.

ಅದು ರಾಜರ ಕಾಲದ ನಗೆಚಿತ್ರ. ಎರಡು ಪುಟ್ಟ ರಾಜ್ಯಗಳ ಜಗಳ ನಿಲ್ಲಿಸಲು ಹಿರಿಯರು ಮದುವೆ ಗೊತ್ತುಮಾಡುತ್ತಾರೆ. ದೊರೆ ಮಹಾ ಹೆದರುಪುಕ್ಕಲ. ಮಂಟಪಕ್ಕೆ ತಾನು ಬರದೆ ಕತ್ತಿಯನ್ನು ಕಳಿಸುತ್ತಾನೆ. ರಾಜಕುಮಾರಿ ನನಗೇ ಹಾರ ಹಾಕಿ, ನನ್ನನ್ನು ಹಿಡಿದುಕೊಂಡೇ ಗಂಡನ ಮನೆಗೆ ಬರುತ್ತಾಳೆ. ದೊರೆ ಅವಳಿಗೆ ಗುರುತು ಸಿಗದಂತೆ ಅಡುಗೆಯವನ ವೇಷ ಹಾಕಿ ಅಡಗಿಕೊಳ್ಳುತ್ತಾನೆ.

ದೊರೆಯ ಪಾತ್ರ ಚೆಲುವಯ್ಯನವರದು. ಇಪ್ಪತ್ತು ವರ್ಷ ನಾಟಕ ಕಂಪನಿಯಲ್ಲಿ ಬಾಗಿಲು ಕಾಯುವ ಭಟನಾಗಿಯೇ ಸವೆದವರಿಗೆ ಸಿಕ್ಕಿದ ಮೊದಲ ದೊಡ್ಡ ಪಾತ್ರ. ಆದರೆ ಮೊದಲ ದಿನವೇ ಅವರ ಗುಟ್ಟು ನನಗೆ ತಿಳಿದುಹೋಯಿತು. ದಿಂಬಿನ ಮೇಲಿದ್ದ ನನ್ನನ್ನು ಎತ್ತಿಕೊಳ್ಳುವಾಗ ಅವರ ಬೆರಳುಗಳು ಮೊದಲು ದಿಂಬನ್ನು ತಡವಿದವು, ಆಮೇಲೆ ಹಿಡಿಯನ್ನು ಹುಡುಕಿದವು. ಅವರ ಕಣ್ಣು ಮಂಜಾಗುತ್ತಿತ್ತು. ದೀಪಗಳು ಹೊತ್ತಿದರಂತೂ ಎದುರಿಗಿದ್ದವರು ಬರೀ ನೆರಳು.

ರಾಜಕುಮಾರಿಯಾಗಿದ್ದ ಪಂಕಜಾಕ್ಷಿಗೂ ಅನುಮಾನ ಬಂತು. ಒಂದು ಮಧ್ಯಾಹ್ನ ಎಲ್ಲರೂ ಊಟಕ್ಕೆ ಹೋದಾಗ ಮೆಲ್ಲಗೆ ಕೇಳಿಯೇಬಿಟ್ಟಳು. ಚೆಲುವಯ್ಯನವರು ಸುಳ್ಳು ಹೇಳಲಿಲ್ಲ.

"ಯಾರಿಗೂ ಹೇಳ್ಬೇಡ ತಾಯಿ," ಎಂದರು. "ಗೊತ್ತಾದ್ರೆ ನಾಳೆ ಬೇರೆಯವರನ್ನ ಕರೀತಾರೆ."

ಅವಳು ಹೇಳಲಿಲ್ಲ. ಆದರೆ ಮುಂದೊಂದು ದೃಶ್ಯವಿತ್ತು. ಅಡುಗೆಯವನು ಉಡಾಫೆಯ ಮಾತಾಡಿದನೆಂದು ರಾಜಕುಮಾರಿ ಕತ್ತಿ ಬೀಸಬೇಕು. ಅವನು ತಕ್ಷಣ ಬಗ್ಗಬೇಕು. ಕತ್ತಿ ಹಿಂದಿನ ಬಾಳೆಗಿಡಕ್ಕೆ ಬಡಿಯಬೇಕು. ಪಂಕಜಾಕ್ಷಿ ಉಪಾಯ ಹುಡುಕಿದಳು. ಬೀಸುವ ಮುನ್ನ ಎಡಗೈ ಬಳೆಗಳನ್ನು ಒಮ್ಮೆ ಕುಲುಕುವುದು, ಆ ಸದ್ದಿಗೆ ಅವರು ಬಗ್ಗುವುದು. ನಾಲ್ಕು ಸಲ ಅಭ್ಯಾಸ ಮಾಡಿದರು. ನಾಲ್ಕು ಸಲವೂ ಸರಿಹೋಯಿತು. ಬಾಳೆಗಿಡ ಮಾತ್ರ ಅರ್ಧಕ್ಕೆ ಮುರಿದು ಬಿತ್ತು. ಅದನ್ನು ನೋಡಿ ಅವಳ ಅಂಗೈ ಬೆವತಿದ್ದು ನನಗೆ ಗೊತ್ತಾಯಿತು.

ಹೊಸ ಬಾಳೆಗಿಡ ಕಟ್ಟಿದರು. ದೀಪ ಹೊತ್ತಿಸಿದರು. ಆಗ ಧ್ವನಿ ಹಿಡಿಯುವವರು ತಕರಾರು ತೆಗೆದರು. ಬಳೆ ಸದ್ದಿನಲ್ಲಿ ಮಾತೇ ಕೇಳುವುದಿಲ್ಲವಂತೆ. ಬಳೆ ತೆಗೆಯಿರಿ ಎಂದರು ರಾಯರು. ಪಂಕಜಾಕ್ಷಿ ಇರಲಿ ಎಂದು ಎರಡು ಸಲ ಬೇಡಿಕೊಂಡಳು. ಕಾರಣ ಕೇಳಿದರೆ ಹೇಳುವಂತಿಲ್ಲ. ಬರೆದದ್ದರಲ್ಲಿ ಒಂದು ಪದ ಬದಲಿಸಿದ್ದಕ್ಕೆ ಹಿಂದಿನ ವಾರವಷ್ಟೇ ರಾಯರು ಮಂತ್ರಿಯ ಪಾತ್ರದವನನ್ನು ಮನೆಗೆ ಕಳಿಸಿದ್ದರು. ಅವಳು ಬಳೆ ಕಳಚಿಟ್ಟಳು.

ಚೆಲುವಯ್ಯನವರು ಎದುರಿಗೆ ಬಂದು ನಿಂತರು. ಬಳೆ ಇಲ್ಲವೆಂಬುದು ಅವರಿಗೂ ಕೇಳಿಸಿತ್ತು. ಆದರೂ ಹಿಂದೆ ಸರಿಯಲಿಲ್ಲ. ಮೊಣಕಾಲು ಮಾತ್ರ ನಡುಗುತ್ತಿತ್ತು.

ಕ್ಯಾಮೆರಾ ಓಡತೊಡಗಿತು. ಮಾತುಗಳು ಮುಗಿದವು. ಪಂಕಜಾಕ್ಷಿ ನನ್ನನ್ನು ಎತ್ತಿದಳು. ಕೆಳಗೆ ಆ ಮನುಷ್ಯ ನನ್ನನ್ನು ಬಿಟ್ಟು ಇನ್ನೆಲ್ಲೋ ನೋಡುತ್ತಿದ್ದರು. ನಿಲ್ಲಲು ನನ್ನಿಂದಾಗದು, ಕೂಗಲು ಬಾಯಿಲ್ಲ. ನಾನು ಗಾಳಿಯಲ್ಲಿ ಹೊರಟೇಬಿಟ್ಟೆ.

"ತಲೆ ತಗ್ಗಿಸಿ, ದೊರೆಗಳೇ."

ಪಂಕಜಾಕ್ಷಿಯ ಧ್ವನಿ. ಬರೆದಿರದ ಮಾತು ಅದು. ಚೆಲುವಯ್ಯನವರು ಕುಸಿದು ಕೂತರು. ನನ್ನ ತುದಿಗೆ ಅವರ ರುಮಾಲು ಸಿಕ್ಕಿ ಹಾರಿತು. ನಾನು ಬಾಳೆಗಿಡದೊಳಕ್ಕೆ ಹೂತುಹೋದೆ.

ರಾಯರು ಕುರ್ಚಿಯಿಂದ ಎದ್ದರು. ಕ್ಯಾಮೆರಾ ಇನ್ನೂ ಓಡುತ್ತಿತ್ತು. ನೆಲದ ಮೇಲಿಂದಲೇ ಚೆಲುವಯ್ಯನವರ ಧ್ವನಿ ಬಂತು.

"ಅಡುಗೆಯವನನ್ನು ದೊರೆ ಎನ್ನುವಿರಲ್ಲ, ತಾಯಿ?"

"ಅಡುಗೆಯವರು ಯಾರೂ ಇಷ್ಟು ನಡುಗುವುದಿಲ್ಲ," ಎಂದಳು ಅವಳು.

ಮೊದಲು ನಕ್ಕವರು ದೀಪದವರು. ಆಮೇಲೆ ಎಲ್ಲರೂ. ರಾಯರು ಪಂಕಜಾಕ್ಷಿಯ ಮುಖ, ಚೆಲುವಯ್ಯನವರ ಕಣ್ಣು, ಎರಡನ್ನೂ ನೋಡಿದರು. "ಹಾಗಾದ್ರೆ ಅವಳಿಗೆ ಮೊದಲೇ ಗೊತ್ತಿತ್ತು ಅಂತಾಯ್ತು. ಕತೆ ಹಾಗೇ ಇರ್ಲಿ," ಎಂದರು. ಚೆಲುವಯ್ಯನವರ ಹತ್ತಿರ ಹೋಗಿ ತಾವೇ ಕೈಹಿಡಿದು ಎಬ್ಬಿಸಿದರು. ಉಳಿದ ದೃಶ್ಯಗಳಲ್ಲಿ ಅವರ ಹತ್ತಿರ ಯಾರೂ ನನ್ನನ್ನು ಬೀಸಲಿಲ್ಲ.

ಎರಡು ವರ್ಷದಲ್ಲಿ ಚೆಲುವಯ್ಯನವರ ಕಣ್ಣು ಪೂರ್ತಿ ಹೋಯಿತು. ಅವರು ರೇಡಿಯೊ ನಾಟಕಗಳಿಗೆ ಹೋದರು. ಪಂಕಜಾಕ್ಷಿ ಮಾತುಗಳನ್ನು ಓದಿ ಹೇಳುವಳು, ಅವರು ಕೇಳಿ ಬಾಯಿಪಾಠ ಮಾಡುವರು. ನನ್ನನ್ನು ಒಂದು ನಾಟಕ ಕಂಪನಿ ಕೊಂಡಿತು. ಅದು ಮುಚ್ಚಿದ ಮೇಲೆ ವೇಷಭೂಷಣ ಬಾಡಿಗೆ ಕೊಡುವ ಅಂಗಡಿಗೆ ಬಂದೆ.

ಈಗ ಶಾಲೆಯವರು ಬಂದರೆ ಥರ್ಮೋಕೋಲ್ ಕತ್ತಿ ಕೇಳುತ್ತಾರೆ. ನಾನು ಭಾರ, ಮಕ್ಕಳಿಗೆ ಅಪಾಯ ಎನ್ನುತ್ತಾರೆ. ನನಗೆ ಬೇಸರವಿಲ್ಲ. ಅವರು ಹೇಳುವುದು ನಿಜ. ಮೂಲೆಯಲ್ಲಿ ನಿಂತು ನಿಧಾನವಾಗಿ ತುಕ್ಕು ಹಿಡಿಯುತ್ತಿದ್ದೇನೆ. ಯಾರ ರಕ್ತವೂ ಅಂಟದ ಮೈಗೆ ಹಿಡಿಯುತ್ತಿರುವ ತುಕ್ಕು ಇದು. ಕತ್ತಿಯಾಗಿ ಹುಟ್ಟಿದ್ದಕ್ಕೆ ಇದಕ್ಕಿಂತ ಒಳ್ಳೆಯ ಮುಪ್ಪು ಇನ್ನೇನಿದ್ದೀತು?